ಬಿಳಿಗಿರಿರಂಗನ ಬೆಟ್ಟಕ್ಕೆ ಒಂದು ದಿನ: ಗೈಡ್, ಸಫಾರಿ, ದಾರಿ ಬಗ್ಗೆ

ಮೇಡಂ, ನಿಮ್ಮ ಪ್ರಶ್ನೆ ಪೂರ್ತಿ ಓದಿದೆ. ಮೈಸೂರಿನಿಂದ ಹೊರಟು ಒಂದೇ ದಿನದಲ್ಲಿ ಬೆಟ್ಟವನ್ನೂ ಕಾಡನ್ನೂ ನೋಡಿ ಬರಬೇಕು. ಜೊತೆಗೆ ಎಪ್ಪತ್ತು ದಾಟಿದ ಅತ್ತೆ ಮಾವ, ಇಬ್ಬರು ಮಕ್ಕಳು. ಟ್ರಾವೆಲ್ಸ್‌ನವರು ಬಿಳಿಗಿರಿರಂಗನ ಬೆಟ್ಟ, ಸಫಾರಿ, ದೊಡ್ಡ ಸಂಪಿಗೆ ಮರ, ಶಿವನಸಮುದ್ರ, ತಲಕಾಡು ಇಷ್ಟನ್ನೂ ಗೈಡ್ ಸಮೇತ ಒಂದು ದಿನಕ್ಕೆ ಹಾಕಿಕೊಟ್ಟಿದ್ದಾರೆ. ‘ಹುಲಿ ಗ್ಯಾರಂಟಿ’ ಅಂತಲೂ ಹೇಳಿದ್ದಾರೆ. ಒಪ್ಪಿಕೊಳ್ಳಲಾ ಅಂತ ಕೇಳಿದ್ದೀರಿ.

ಒಪ್ಪಿಕೊಳ್ಳಬೇಡಿ. ಶಿವನಸಮುದ್ರ, ತಲಕಾಡು ಎರಡನ್ನೂ ತೆಗೆಸಿ. ಅವು ಚೆನ್ನಾಗಿಲ್ಲ ಅಂತಲ್ಲ. ಅವಕ್ಕೆ ಬೇರೆಯೇ ಒಂದು ದಿನ ಬೇಕು. ಐದು ಜಾಗ ಸೇರಿಸಿದರೆ ಡ್ರೈವರ್ ಗಡಿಯಾರ ನೋಡಿಕೊಂಡೇ ಗಾಡಿ ಓಡಿಸುತ್ತಾನೆ, ಬೆಟ್ಟದ ರಸ್ತೆಯಲ್ಲೂ ಓಡಿಸುತ್ತಾನೆ. ಈ ಬೆಟ್ಟದಲ್ಲಿ ನೋಡಬೇಕಾದ್ದು ಮುಕ್ಕಾಲು ಪಾಲು ಆ ರಸ್ತೆಯ ಎರಡು ಬದಿಯಲ್ಲೇ ಇದೆ. ಇನ್ನು ಹುಲಿ ಗ್ಯಾರಂಟಿ ಕೊಡುವವರು ಯಾರೇ ಆಗಲಿ, ಅವರ ಜೊತೆ ಕಾಡಿಗೆ ಹೋಗುವುದು ಬೇಡ. ಇಲ್ಲಿ ಹುಲಿ ಇದೆ, ಚೆನ್ನಾಗಿಯೇ ಇದೆ. ಆದರೆ ಕಾಡು ದಟ್ಟ, ಗುಡ್ಡ ಕಣಿವೆ ಜಾಸ್ತಿ. ಬಂಡೀಪುರದ ಹಾಗೆ ದೂರದವರೆಗೆ ಕಣ್ಣು ಹಾಯುವುದಿಲ್ಲ. ಕಂಡರೆ ಅದೃಷ್ಟ ಅಂದುಕೊಂಡು ಹೋಗಿ. ಮಕ್ಕಳಿಗೂ ಹಾಗೆಯೇ ಹೇಳಿ ಕರೆದುಕೊಂಡು ಹೋಗಿ.

ಹಾಗಾದರೆ ಹೋಗಿ ನೋಡುವುದೇನು ಅಂದರೆ, ಕಾಡು ಬದಲಾಗುವುದನ್ನು ನೋಡಬೇಕು. ಪಶ್ಚಿಮಘಟ್ಟವೂ ಪೂರ್ವಘಟ್ಟವೂ ಕೂಡುವ ಜಾಗದಲ್ಲಿ ಈ ಬೆಟ್ಟಸಾಲು ನಿಂತಿದೆ. ಬುಡ ಸುಮಾರು 600 ಮೀಟರ್ ಎತ್ತರದಲ್ಲಿದ್ದರೆ, ಅತಿ ಎತ್ತರದ ತುದಿ ಸುಮಾರು 1,800 ಮೀಟರ್. ಮಳೆಯೂ ಹಾಗೆಯೇ, ಬುಡದಲ್ಲಿ ಬೀಳುವುದರ ಎಷ್ಟೋ ಪಟ್ಟು ಮೇಲೆ ಬೀಳುತ್ತದೆ. ಅದಕ್ಕೇ ಒಂದೇ ಬೆಟ್ಟದಲ್ಲಿ ಕುರುಚಲು, ಎಲೆ ಉದುರುವ ಕಾಡು, ನಿತ್ಯಹಸಿರು ಕಾಡು, ಶೋಲಾ (ಎತ್ತರದ ಕಣಿವೆಗಳ ಗಿಡ್ಡ, ದಟ್ಟ ಕಾಡು), ಹುಲ್ಲುಗುಡ್ಡ ಎಲ್ಲವೂ ಸಿಗುತ್ತವೆ. ಇಷ್ಟು ಬದಲಾವಣೆ ನೋಡಲು ಬೇರೆ ಕಡೆ ದಿನವಿಡೀ ಗಾಡಿಯಲ್ಲಿ ಹೋಗಬೇಕು. ಇಲ್ಲಿ ಯಳಂದೂರು ಕಡೆಯಿಂದ ಹತ್ತಿದರೆ ಒಂದು ಗಂಟೆಯೊಳಗೇ ಕಣ್ಣಿಗೆ ಬೀಳುತ್ತದೆ.

ದಾರಿ ಹೀಗೆ ಇಟ್ಟುಕೊಳ್ಳಿ. ಮೈಸೂರಿನಿಂದ ತಿ. ನರಸೀಪುರದ ಮೇಲೆ ಯಳಂದೂರಿಗೆ ಬನ್ನಿ. ಅಲ್ಲಿಂದ ಬೆಟ್ಟ ಹತ್ತಿ. ಸಂಜೆ ಇಳಿಯುವಾಗ ಸಫಾರಿ ಹೊರಡುವ ಕೆ. ಗುಡಿ (ಕ್ಯಾತದೇವರ ಗುಡಿ) ಮೇಲೆ ಚಾಮರಾಜನಗರಕ್ಕೆ ಇಳಿದು, ನಂಜನಗೂಡು ಮೂಲಕ ಮನೆ ಸೇರಿ. ಹತ್ತಿದ ದಾರಿಯಲ್ಲೇ ಇಳಿದರೆ ಕಾಡಿನ ಅರ್ಧ ಮುಖ ಮಾತ್ರ ನೋಡಿದ ಹಾಗಾಗುತ್ತದೆ. ಮೈಸೂರು ಬಿಡುವುದು ಐದು ಗಂಟೆಗೆ, ಅದಕ್ಕಿಂತ ತಡ ಬೇಡ. ಯಳಂದೂರಿನಲ್ಲಿ ಕಾಫಿ ಕುಡಿದು, ಪೆಟ್ರೋಲ್ ಹಾಕಿಸಿಕೊಂಡು ಬಿಡಿ. ಅಲ್ಲೇ ಊರೊಳಗೆ ಗೌರೀಶ್ವರ ದೇವಸ್ಥಾನದ ಬಳೆಮಂಟಪ ಇದೆ. ಕಲ್ಲಿನಲ್ಲೇ ಕೊರೆದ ಬಳೆಗಳ ಸರಪಳಿ. ಹತ್ತು ನಿಮಿಷ ಸಾಕು, ಮಾವನವರಿಗೆ ಖಂಡಿತ ಇಷ್ಟವಾಗುತ್ತದೆ.

ಬೆಟ್ಟದ ಬುಡದಲ್ಲಿ ಅರಣ್ಯ ಇಲಾಖೆಯ ಗೇಟ್ ಇದೆ. ಚಾಮರಾಜನಗರ ಕಡೆಯೂ ಒಂದಿದೆ. ಸಾಮಾನ್ಯವಾಗಿ ಬೆಳಗ್ಗೆ ಆರರಿಂದ ಸಂಜೆ ಆರರವರೆಗೆ ಮಾತ್ರ ಬಿಡುತ್ತಾರೆ. ಸಮಯ, ಶುಲ್ಕ, ಯಾವ ಗಾಡಿಗೆ ಎಲ್ಲಿ ಬಿಡುತ್ತಾರೆ ಅನ್ನುವುದು ಆಗಾಗ ಬದಲಾಗುತ್ತದೆ. ಹಿಂದಿನ ದಿನ ಒಮ್ಮೆ ವಿಚಾರಿಸಿಕೊಳ್ಳಿ. ಗೇಟ್ ದಾಟಿದ ಮೇಲೆ ಗಾಡಿ ನಿಲ್ಲಿಸಿ ಇಳಿಯುವ ಹಾಗಿಲ್ಲ. ಫೋಟೋಗೆ ಅಂತಲೂ ಇಲ್ಲ, ಮಗುವಿಗೆ ಅರ್ಜೆಂಟ್ ಅಂತಲೂ ಇಲ್ಲ. ಅದೆಲ್ಲ ಗೇಟ್ ಹತ್ತಿರವೇ ಮುಗಿಸಿಕೊಳ್ಳಿ. ತಿರುವಿನ ಆಚೆ ಆನೆ ನಿಂತಿರುವುದು ಇಲ್ಲಿ ತೀರಾ ಮಾಮೂಲು.

ಈಗ ಕಿಟಕಿ ಇಳಿಸಿ. ಎಸಿ ಬೇಡ, ಹಾಡು ಬೇಡ. ಮೊದಲು ಬರುವುದು ಮುಳ್ಳು ಕುರುಚಲು. ಜಾಲಿ, ಬಾರೆ, ಬಿಸಿಲಿಗೆ ಒಣಗಿದ ನೆಲ. ನವಿಲು, ಪಿಕಳಾರ, ಗೌಜಲಹಕ್ಕಿ ಇಲ್ಲಿನವು. ಸ್ವಲ್ಪ ಏರಿದರೆ ಮರ ಎತ್ತರವಾಗುತ್ತದೆ. ದಿಂಡಿಗ, ಮತ್ತಿ, ಹೊನ್ನೆ, ನೆಲ್ಲಿ, ನಡುವೆ ಬಿದಿರು. ಇಲ್ಲಿ ಮರಕುಟಿಕ, ಭೀಮರಾಜ. ಭೀಮರಾಜನ ಬಾಲದ ಎರಡು ಗರಿ ಹಾರುವಾಗ ಹಿಂದೆ ಎರಡು ದುಂಬಿ ಬೆನ್ನಟ್ಟಿದ ಹಾಗೆ ಕಾಣುತ್ತದೆ, ಮಕ್ಕಳಿಗೆ ತೋರಿಸಿ. ಇನ್ನೂ ಮೇಲೆ ಹೋದರೆ ಗಾಳಿಯೇ ತಣ್ಣಗಾಗುತ್ತದೆ. ಮರದ ಕಾಂಡಕ್ಕೆ ಪಾಚಿ ಹತ್ತಿರುತ್ತದೆ. ಕಣಿವೆಯ ಮಡಿಲಲ್ಲಿ ಕಪ್ಪು ಹಸಿರಿನ ಶೋಲಾ, ಅದರ ಮೇಲಿನ ಬೆನ್ನಲ್ಲಿ ಬರೀ ಹುಲ್ಲು ಮತ್ತು ಗಿಡ್ಡ ಈಚಲು. ಬೆಟ್ಟದ ಮೈನಾ, ಕೆಂದಳಿಲು, ಮಲಬಾರ್ ವಿಸ್ಲಿಂಗ್ ಥ್ರಶ್ ಇಲ್ಲಿಯವು. ಆ ಥ್ರಶ್ ಕೂಗಿದರೆ ಯಾರೋ ಹುಡುಗ ಸುಮ್ನೆ ಸಿಳ್ಳೆ ಹಾಕುತ್ತಾ ಹೋಗುತ್ತಿದ್ದಾನೆ ಅನ್ನಿಸುತ್ತದೆ. ಹೊನ್ನಮೇಟಿಯ ಕಾಫಿ ತೋಟದಲ್ಲಿದ್ದ ಆರ್. ಸಿ. ಮಾರಿಸ್ ಈ ಬೆಟ್ಟದ ಪ್ರಾಣಿ ಪಕ್ಷಿಗಳ ಬಗ್ಗೆ ಹತ್ತಾರು ವರ್ಷ ಬರೆದರು. ಪಕ್ಷಿತಜ್ಞ ಸಲೀಂ ಅಲಿ ಅವರೂ ಇಲ್ಲಿ ಹಕ್ಕಿ ನೋಡಿ ಹೋದವರು. ಕಾಡು, ಹಕ್ಕಿ ನೋಡುವ ನಮ್ಮ ಗುಂಪಿನವರಿಗೆ ಈ ಬೆಟ್ಟದ ಮೇಲೆ ಇಷ್ಟು ಪ್ರೀತಿ ಇರುವುದಕ್ಕೆ ಕಾರಣ ಇದೆ.

ಗೈಡ್ ಬೇಕಾ ಅಂತ ಕೇಳಿದಿರಿ. ಬೇಕೇ ಬೇಕು. ಆದರೆ ಮೈಸೂರಿನಿಂದ ಗಾಡಿಯಲ್ಲಿ ಬಂದು ‘ಎಡಗಡೆ ನೋಡಿ, ಬಲಗಡೆ ನೋಡಿ’ ಅನ್ನುವವರು ಸಾಲದು. ಇಲ್ಲಿನ ಬುಡಕಟ್ಟಿನವರಾದ ಸೋಲಿಗರೊಬ್ಬರನ್ನು ಜೊತೆಗೆ ಕರೆದುಕೊಳ್ಳಿ. ಈ ಬೆಟ್ಟ ಅವರ ಮನೆ. ಬೆಟ್ಟದ ಮೇಲಿನ ದೇವರು ರಂಗಪ್ಪ ಅವರಿಗೆ ಭಾವ. ಸೋಲಿಗರ ಹೆಣ್ಣು ಕುಸುಮಾಲೆಯನ್ನು ಮದುವೆಯಾದವನು ಅಂತ ಅವರ ಕಥೆ. ಹುಲಿಯನ್ನೂ ದೇವರು ಅಂತಲೇ ಪೂಜಿಸುತ್ತಾರೆ. ಗುಡ್ಡ, ಝರಿ, ಕಲ್ಲು, ಮರ ಪ್ರತಿಯೊಂದಕ್ಕೂ ಅವರಲ್ಲಿ ಹೆಸರಿದೆ, ಕುಲಕ್ಕೆ ಸೇರಿದ ಜಾಗ ಇದೆ. ಹೆಜ್ಜೇನು, ತುಡುವೆ, ಕಡ್ಡಿಜೇನು, ನಸರಿ ಇವುಗಳಲ್ಲಿ ಯಾವುದು ಯಾವ ಮರದಲ್ಲಿ ಯಾವ ತಿಂಗಳು ಅಂತ ಹೇಳುತ್ತಾರೆ. ಇದು ಓದಿ ಕಲಿತ ಮಾತಲ್ಲ, ಅಪ್ಪ ಅಜ್ಜನಿಂದ ಬಂದದ್ದು.

ಒಂದು ಉದಾಹರಣೆ ಕೊಡುತ್ತೇನೆ. ರಸ್ತೆ ಬದಿಯಲ್ಲಿ ಎಲ್ಲೆಲ್ಲೂ ಪೊದೆ ಕಟ್ಟಿಕೊಂಡಿರುವ ಲಂಟಾನ ಕಾಣುತ್ತದೆ. ಬಣ್ಣ ಬಣ್ಣದ ಹೂ, ಚಿಟ್ಟೆ ಬೇರೆ ಇರುತ್ತವೆ. ನೋಡಿದವರು ಚೆಂದ ಅಂದುಕೊಳ್ಳುತ್ತಾರೆ. ಅದು ಈ ಕಾಡಿನ ಗಿಡವೇ ಅಲ್ಲ, ಅಮೆರಿಕ ಖಂಡದಿಂದ ಬಂದದ್ದು. ಅದು ಹಬ್ಬಿದ ಕಡೆ ಹುಲ್ಲಿಲ್ಲ, ಸಸಿ ಏಳುವುದಿಲ್ಲ, ಜಿಂಕೆ, ಕಾಟಿಗಳಿಗೆ (ಕಾಡೆಮ್ಮೆ) ಮೇವಿಲ್ಲ. ಇದರ ಬಗ್ಗೆ ಸೋಲಿಗರನ್ನು ಕೇಳಿ ನೋಡಿ. ಹಿಂದೆ ಅವರು ವರ್ಷದ ಆರಂಭದಲ್ಲಿ, ನೆಲ ಪೂರ್ತಿ ಒಣಗುವ ಮೊದಲೇ, ತರಗು ಬೆಂಕಿ ಹಾಕುತ್ತಿದ್ದರು. ಬಿದ್ದ ಎಲೆಗೆ ಮಾತ್ರ ಹತ್ತುವ ಸಣ್ಣ ಬೆಂಕಿ. ಲಂಟಾನದ ಎಳೆ ಸಸಿ ಅದರಲ್ಲಿ ಸುಟ್ಟು ಹೋಗುತ್ತಿತ್ತು, ದೊಡ್ಡ ಮರಕ್ಕೆ ಏನೂ ಆಗುತ್ತಿರಲಿಲ್ಲ. 1974ರಲ್ಲಿ ಅಭಯಾರಣ್ಯವಾಯಿತು, ಬೆಂಕಿಗೂ ಬೇಟೆಗೂ ಕುಮರಿ ಬೇಸಾಯಕ್ಕೂ (ಕಾಡು ಕಡಿದು ಸುಟ್ಟು, ಜಾಗ ಬದಲಿಸುತ್ತಾ ಮಾಡುವ ಬೇಸಾಯ) ತಡೆ ಬಿತ್ತು. ಕಾಡಿನೊಳಗೆ ಚದುರಿ ಇದ್ದವರು ಪೋಡುಗಳಲ್ಲಿ, ಅಂದರೆ ಸೋಲಿಗರ ಹಾಡಿಗಳಲ್ಲಿ, ನೆಲೆ ನಿಲ್ಲಬೇಕಾಯಿತು. ಬೆಂಕಿ ನಿಂತ ಮೇಲೆ ಲಂಟಾನ ಏರಿತು, ನೆಲ್ಲಿ ಮರಗಳ ಮೇಲೆ ಬೆಳೆದು ಅವುಗಳ ಸಾರ ಹೀರುವ ಬಂದಳಿಕೆಯೂ ಜಾಸ್ತಿ ಆಯಿತು ಅನ್ನುವುದು ಅವರ ಮಾತು. ಬೆಟ್ಟದಲ್ಲೇ ಇದ್ದು ಅಧ್ಯಯನ ಮಾಡಿದ ಸಂಶೋಧಕರೂ ಅದನ್ನು ಗಂಭೀರವಾಗಿ ತೆಗೆದುಕೊಂಡಿದ್ದಾರೆ. ಹೋಗುವಾಗ ನೆಲ್ಲಿ ಮರದ ಕೊಂಬೆ ಗಮನಿಸಿ. ಬೇರೆ ಬಣ್ಣದ ಎಲೆ ಗೊಂಚಲಾಗಿ ಕೂತಿದ್ದರೆ ಅದೇ ಬಂದಳಿಕೆ. ಇಷ್ಟು ಗೊತ್ತಾದ ಮೇಲೆ ಅದೇ ರಸ್ತೆ ನಿಮಗೆ ಬೇರೆ ಥರ ಕಾಣುತ್ತದೆ, ಅಲ್ವಾ?

2011 ಈ ಬೆಟ್ಟಕ್ಕೆ ದೊಡ್ಡ ವರ್ಷ. ಹುಲಿ ಸಂರಕ್ಷಿತ ಪ್ರದೇಶ ಅಂತ ಘೋಷಣೆ ಆದದ್ದೂ ಆಗಲೇ, ಅರಣ್ಯ ಹಕ್ಕು ಕಾಯ್ದೆಯಲ್ಲಿ ಸೋಲಿಗರ ಸಮುದಾಯ ಹಕ್ಕುಗಳಿಗೆ ಮಾನ್ಯತೆ ಸಿಕ್ಕಿದ್ದೂ ಅದೇ ವರ್ಷ. ಹುಲಿ ಕಾಡಿನೊಳಗೆ ಜನರಿಗೆ ಇಂಥ ಹಕ್ಕು ಸಿಕ್ಕಿದ್ದು ದೇಶದಲ್ಲೇ ಮೊದಲು. ನಿಮ್ಮ ದೊಡ್ಡ ಮಗಳು ಹೈಸ್ಕೂಲಿನಲ್ಲಿದ್ದಾಳೆ ಅಂದಿರಿ. ಅವಳಿಗೆ ಇದನ್ನು ಹೇಳಲೇಬೇಕು. ಪೋಡು ನೋಡುವ ಆಸೆ ಇದ್ದರೆ ಗೈಡ್ ಮೂಲಕ ಮೊದಲೇ ಕೇಳಿಸಿ. ಅವರು ಬನ್ನಿ ಅಂದರೆ ಹೋಗಿ. ಮನೆಯೊಳಗೆ ಇಣುಕುವುದು, ಕೇಳದೆ ಫೋಟೋ ತೆಗೆಯುವುದು, ಮಕ್ಕಳಿಗೆ ಚಾಕೊಲೇಟ್ ಹಂಚುವುದು ಬೇಡವೇ ಬೇಡ. ಜೇನು, ಕಾಫಿಪುಡಿ ತೆಗೆದುಕೊಳ್ಳುವುದಾದರೆ ಸೋಲಿಗರ ಸಂಘದಿಂದಲೋ ಅವರ ಕೈಯಿಂದಲೋ ತೆಗೆದುಕೊಳ್ಳಿ. ರಸ್ತೆ ಬದಿಯ ಬಾಟಲಿ ಜೇನು ಬೇಡ.

ಟ್ರಾವೆಲ್ಸ್‌ನವರನ್ನು ಮೂರು ಮಾತು ಕೇಳಿ. ಗೈಡ್ ಯಾವ ಊರಿನವರು? ನಮ್ಮ ಗಾಡಿಯಲ್ಲೇ ಕೂರುತ್ತಾರಾ, ಇನ್ನೊಂದರಲ್ಲಾ? ನಾವು ಕೊಡುವ ದುಡ್ಡಿನಲ್ಲಿ ಅವರಿಗೆ ಎಷ್ಟು ಹೋಗುತ್ತದೆ? ಕೊನೆಯದಕ್ಕೆ ಉತ್ತರ ತಡವರಿಸಿದರೆ ಗಾಡಿ ಮಾತ್ರ ಅವರದ್ದು ಇಟ್ಟುಕೊಂಡು ಗೈಡನ್ನು ಬೆಟ್ಟದಲ್ಲೇ ಗೊತ್ತು ಮಾಡಿಕೊಳ್ಳಿ. ಗೈಡ್ ಇದ್ದಾರೆ ಅಂದ ಮಾತ್ರಕ್ಕೆ ಕಾಡೊಳಗೆ ನಡೆಯಬಹುದು ಅಂತಲ್ಲ. ಅದಕ್ಕೆ ಇಲಾಖೆಯ ಅನುಮತಿ ಬೇಕು. ದೊಡ್ಡ ಸಂಪಿಗೆಯೂ ಹಾಗೆಯೇ. ಭಾರ್ಗವಿ ಹೊಳೆಯ ದಡದಲ್ಲಿ ನೂರಾರು ವರ್ಷದಿಂದ ನಿಂತ ಮರ ಅದು, ಸೋಲಿಗರಿಗೆ ಪೂಜೆಯ ಜಾಗ. ಅನುಮತಿ ಕೈಗೆ ಸಿಕ್ಕಿದ ಮೇಲೆ ಪ್ಲಾನ್‌ನಲ್ಲಿ ಸೇರಿಸಿ. ‘ಅಲ್ಲಿ ಹೋಗಿ ನೋಡೋಣ, ಯಾರಿಗಾದರೂ ಹೇಳಿ ಬಿಡಿಸೋಣ’ ಅನ್ನುವ ಮಾತಿಗೆ ಒಪ್ಪಬೇಡಿ.

ಬೆಳಗ್ಗೆಯೇ ದೇವಸ್ಥಾನ ಮುಗಿಸಿಕೊಳ್ಳಿ. ಮೆಟ್ಟಿಲಿದೆ, ಆದರೆ ಗಾಡಿ ರಸ್ತೆಯೂ ಮೇಲಿನವರೆಗೆ ಇದೆ, ಅತ್ತೆಯವರಿಗೆ ತೊಂದರೆ ಇಲ್ಲ. ದೇವರ ದೊಡ್ಡ ಚರ್ಮದ ಪಾದುಕೆ ನೋಡಿ. ರಂಗಪ್ಪ ರಾತ್ರಿ ಅದನ್ನು ಮೆಟ್ಟಿ ಕಾಡು ಸುತ್ತುತ್ತಾನೆ ಅಂತ ನಂಬಿಕೆ. ಆಮೇಲೆ ಬಂಡೆಯ ಅಂಚಿನ ಕಟಾಂಜನದ ಹತ್ತಿರ ನಿಂತರೆ ಕೆಳಗಿನ ಕೆರೆ, ಹೊಲ, ಎದುರಿನ ಬೆಟ್ಟಸಾಲು ಎಲ್ಲ ಕಾಣುತ್ತದೆ. ಬೆಳಗ್ಗೆ ಮಂಜು ಮುಚ್ಚಿದ್ದರೆ ಬೇಸರ ಬೇಡ, ಸ್ವಲ್ಪ ಹೊತ್ತು ಅಲ್ಲೇ ಕೂತಿರಿ. ಕೋತಿಗಳಿವೆ, ಕೈಯಲ್ಲಿ ಬಾಳೆಹಣ್ಣು ಕವರು ಹಿಡಿದು ನಡೆಯಬೇಡಿ. ಊಟ ಮನೆಯಿಂದಲೇ ತನ್ನಿ. ಬುತ್ತಿ ಬಿಚ್ಚುವುದು ದೇವಸ್ಥಾನದ ಕೆಳಗಿನ ಊರಿನಲ್ಲಿ, ಕಾಡಿನ ರಸ್ತೆಯಲ್ಲಲ್ಲ. ಕವರು ಬಾಟಲಿ ಎಲ್ಲ ವಾಪಸ್ ಮೈಸೂರಿಗೆ.

ಊಟವಾದ ಮೇಲೆ ಕೆ. ಗುಡಿ. ಸಫಾರಿ ಬೆಳಗ್ಗೆಯೂ ಇದೆ, ಸಂಜೆಯೂ ಇದೆ. ಬೆಳಗಿನದು ಒಳ್ಳೆಯದು, ಆದರೆ ಮೈಸೂರಿನಿಂದ ಹಿರಿಯರನ್ನು ಕಟ್ಟಿಕೊಂಡು ಆ ಹೊತ್ತಿಗೆ ಮುಟ್ಟುವುದು ಕಷ್ಟ. ಸಂಜೆಯದು ತೆಗೆದುಕೊಳ್ಳಿ. ಸೀಟು ಕಡಿಮೆ ಇರುತ್ತದೆ, ಮೊದಲೇ ಬುಕ್ ಮಾಡಿ. ಬುಕ್ ಮಾಡುವಾಗಲೇ ಇನ್ನೊಂದು ವಿಷಯ ಕೇಳಿ. ಸಫಾರಿ ಮುಗಿದ ಮೇಲೆ ಚಾಮರಾಜನಗರದ ಗೇಟ್ ದಾಟಲು ಬಿಡುತ್ತಾರಾ, ಎಷ್ಟು ಹೊತ್ತಿನೊಳಗೆ ದಾಟಬೇಕು? ಇದನ್ನು ಯಾರೂ ಕೇಳುವುದಿಲ್ಲ, ಕೊನೆಗೆ ಗೇಟ್‌ನಲ್ಲಿ ನಿಂತು ಪರದಾಡುತ್ತಾರೆ. ಜೀಪು ತುಂಬಾ ಕುಲುಕುತ್ತದೆ. ಮಾವನವರಿಗೆ ಬೆನ್ನು ನೋವು ಅಂದಿರಿ, ಮುಂದಿನ ಸೀಟು ಕೇಳಿ. ಅದು ಸಿಗದಿದ್ದರೆ ಅವರು ಕೆ. ಗುಡಿಯಲ್ಲೇ ಕೂರಲಿ, ಬೇಸರವಾಗುವುದಿಲ್ಲ. ಅಲ್ಲಿ ಸುತ್ತ ಜಿಂಕೆ, ಕಾಡುಹಂದಿ ಓಡಾಡಿಕೊಂಡಿರುತ್ತವೆ. ಸಫಾರಿಯಲ್ಲಿ ಕಾಟಿ, ಕಡವೆ, ಆನೆ ಕಾಣುವ ಸಂಭವ ಜಾಸ್ತಿ. ಸೀಳುನಾಯಿ ಗುಂಪು ಕಂಡರೆ ಹುಲಿ ಕಂಡಷ್ಟೇ ಖುಷಿ ಪಡಿ. ದಿನದ ಹೊತ್ತಲ್ಲೇ ಬೇಟೆಯಾಡುವ ಪ್ರಾಣಿ, ಗುಂಪಿನ ಒಗ್ಗಟ್ಟು ನೋಡುವಂಥದ್ದು.

ಕಾಲದ ಬಗ್ಗೆ ನನ್ನ ಸಲಹೆ ನವೆಂಬರ್ ಕೊನೆಯಿಂದ ಜನವರಿ. ಈ ಬೆಟ್ಟಕ್ಕೆ ಮುಂಗಾರು, ಹಿಂಗಾರು ಎರಡೂ ಮಳೆ ಕೊಡುತ್ತವೆ. ಎರಡೂ ಮುಗಿದ ಮೇಲೆ ಬೆಟ್ಟ ಹಸಿರು, ಗಾಳಿ ತಿಳಿ, ಚಳಿಗಾಲದ ವಲಸೆ ಹಕ್ಕಿಗಳೂ ಇರುತ್ತವೆ. ಫೆಬ್ರವರಿ ಕಳೆದರೆ ಕಾಡು ಒಣಗುತ್ತದೆ. ಪ್ರಾಣಿ ಕಾಣುವುದು ಸುಲಭ, ಆದರೆ ಬೆಂಕಿಯ ಭಯಕ್ಕೆ ಕೆಲವೊಮ್ಮೆ ಒಳಗೆ ಬಿಡುವುದನ್ನೇ ನಿಲ್ಲಿಸುತ್ತಾರೆ. ಉಣ್ಣಿ ಹುಳುವಿನ ಕಾಟವೂ ಇರುತ್ತದೆ. ಮಳೆಗಾಲದಲ್ಲಿ ಜಿಗಣೆ. ಸಂಕ್ರಾಂತಿ ಸಮಯದ ಚಿಕ್ಕ ಜಾತ್ರೆ, ವೈಶಾಖದ ದೊಡ್ಡ ತೇರು ಇವೆರಡರ ದಿನಗಳಲ್ಲಿ ದೇವರ ದರ್ಶನಕ್ಕೆ ಹೋಗಿ, ಕಾಡು ನೋಡಲು ಹೋಗಬೇಡಿ. ಶನಿವಾರ ಭಾನುವಾರ ಬಿಟ್ಟು ವಾರದ ಮಧ್ಯೆ ರಜೆ ಹಾಕಲು ಆದರೆ ಹಾಕಿ.

ಸ್ವೆಟರ್ ಮರೆಯಬೇಡಿ, ಮೇಲೆ ಮಧ್ಯಾಹ್ನವೂ ತಣ್ಣಗಿರುತ್ತದೆ. ತಿರುವು ಜಾಸ್ತಿ, ಚಿಕ್ಕವನಿಗೆ ವಾಂತಿ ಅಭ್ಯಾಸ ಇದ್ದರೆ ಹೊರಡುವ ಮೊದಲು ಡಾಕ್ಟರನ್ನು ಕೇಳಿ ಮಾತ್ರೆ ಕೊಡಿ. ಮೊಬೈಲ್ ಸಿಗ್ನಲ್ ನಂಬಬೇಡಿ, ಬುಕಿಂಗ್ ಕಾಗದ ಪ್ರಿಂಟ್ ತೆಗೆದಿಟ್ಟುಕೊಳ್ಳಿ. ಮನೆಯಲ್ಲಿ ಬೈನಾಕ್ಯುಲರ್ ಇಲ್ಲದಿದ್ದರೆ ಮೈಸೂರಿನಲ್ಲಿರುವ ಗುಂಪಿನವರು ಯಾರಾದರೂ ಒಂದು ದಿನಕ್ಕೆ ಕೊಡುತ್ತಾರೆ, ನನ್ನದೂ ಇದೆ. ತಾರೀಖು ಗೊತ್ತಾದ ತಕ್ಷಣ ಇಲ್ಲೇ ಬರೆಯಿರಿ.