ಮೊಸಳೆ ಮರಿ ಸಾಕಿ ನದಿಗೆ ಬಿಟ್ಟರೆ ಸಂತತಿ ಉಳಿಯುತ್ತದೆಯೇ?

ಸರೀಸೃಪ ತಜ್ಞ ರೋಮುಲಸ್ ವಿಟೇಕರ್ ಮೊಸಳೆಗಳಿಗಾಗಿ ಮಾಡಿದ್ದೇನು, ಮೊಟ್ಟೆ ತಂದು ಮರಿ ಮಾಡಿಸಿ ನದಿಗೆ ಬಿಟ್ಟರೆ ಸಂತತಿ ಉಳಿಯುತ್ತದೆಯೇ ಎಂದು ಕೇಳಿದ್ದೀರಿ. ನಮ್ಮ ಕೆರೆ-ಹೊಳೆಗಳ ಮಗ್ಗರ್ ಮೊಸಳೆ ಉಳಿಯಿತು. ಸಪೂರ ಮೂತಿಯ, ಮೀನು ತಿನ್ನುವ ಘರಿಯಾಲ್‌ಗೆ ಅಷ್ಟು ಸಾಕಾಗಲಿಲ್ಲ. ಅವರ ಕೆಲಸವನ್ನು ಈ ವ್ಯತ್ಯಾಸದಿಂದಲೇ ನೋಡಬೇಕು ಅನ್ನುವುದು ನನ್ನ ಅಭಿಪ್ರಾಯ.

ಕನ್ನಡಿಗರಿಗೆ ವಿಟೇಕರ್ ಹೆಚ್ಚು ಗೊತ್ತಿರುವುದು ಆಗುಂಬೆಯ ಕಾಳಿಂಗ ಸರ್ಪಗಳಿಂದ. ಅಲ್ಲಿ ಅವರು ಕಟ್ಟಿದ ಮಳೆಕಾಡು ಸಂಶೋಧನಾ ಕೇಂದ್ರ 2005ರದು. ಮೊಸಳೆ ಕೆಲಸ ಅದಕ್ಕಿಂತ ಮೂರು ದಶಕ ಹಳೆಯದು. ಚರ್ಮದ ಆಸೆಗೆ ನಡೆದ ಬೇಟೆಯಿಂದ 1970ರ ಹೊತ್ತಿಗೆ ಮಗ್ಗರ್, ಘರಿಯಾಲ್, ಉಪ್ಪುನೀರಿನ ಮೊಸಳೆ ಮೂರೂ ಸೊರಗಿದ್ದವು. 1972ರ ವನ್ಯಜೀವಿ ಕಾಯ್ದೆ ಬೇಟೆ ತಡೆಯಿತು, 1975ರಲ್ಲಿ ಸರ್ಕಾರದ ಮೊಸಳೆ ಯೋಜನೆ ಶುರುವಾಯಿತು. ಮರುವರ್ಷ ರೋಮುಲಸ್ ಮತ್ತು ಝಾಯಿ ವಿಟೇಕರ್ ಚೆನ್ನೈನಿಂದ ಸುಮಾರು 40 ಕಿ.ಮೀ. ದಕ್ಷಿಣಕ್ಕೆ, ಕಡಲ ಪಕ್ಕ, ಮೊಸಳೆ ಸಾಕಿ ಸಂತತಿ ಉಳಿಸುವ ಮದ್ರಾಸ್ ಕ್ರೊಕೊಡೈಲ್ ಬ್ಯಾಂಕ್ ಕಟ್ಟಿದರು.

ಮರಿ ಮಾಡಿಸುವ ಕೆಲಸದಲ್ಲಿ ಎಡವುವುದು ಮೊಟ್ಟೆ ಎತ್ತುವಾಗಲೇ. ಮಗ್ಗರ್ ಬೇಸಿಗೆಯ ಮೊದಲೇ ದಂಡೆಯಲ್ಲಿ ಗುಂಡಿ ತೋಡಿ 25–30 ಮೊಟ್ಟೆ ಇಡುತ್ತದೆ. ಇಟ್ಟ ಒಂದು ದಿನದೊಳಗೆ ಭ್ರೂಣ ಚಿಪ್ಪಿನ ಮೇಲ್ಭಾಗದ ಒಳಗೋಡೆಗೆ ಅಂಟಿಕೊಳ್ಳುತ್ತದೆ. ಕೋಳಿಮೊಟ್ಟೆಯಂತೆ ತಿರುಗಿಸಿದರೆ ಅದು ಕಿತ್ತು ಸಾಯುತ್ತದೆ. ಹಾಗಾಗಿ ಮರಳನ್ನು ಕೈಯಿಂದಲೇ ಸರಿಸಿ, ಪ್ರತಿ ಮೊಟ್ಟೆಯ ಮೇಲ್ಭಾಗಕ್ಕೆ ಪೆನ್ಸಿಲ್ ಗುರುತು ಹಾಕಿ, ಅದೇ ಗೂಡಿನ ಮರಳು ತುಂಬಿದ ಪೆಟ್ಟಿಗೆಯಲ್ಲಿ ಗುರುತು ಮೇಲೆ ಬರುವಂತೆ ಜೋಡಿಸಿ, ಕುಲುಕದಂತೆ ಒಯ್ಯಬೇಕು. ಕೆಲವು ದಿನಕ್ಕೆ ಫಲಿತ ಮೊಟ್ಟೆಯ ನಡುವೆ ಸುಣ್ಣ ಬಳಿದಂಥ ಬಿಳಿ ಪಟ್ಟಿ ಮೂಡುತ್ತದೆ. ಪಟ್ಟಿ ಬಾರದವನ್ನು ಬೇರೆ ಮಾಡಿ. ಕೊಳೆತ ಒಂದು ಮೊಟ್ಟೆಯ ಬೂಷ್ಟು ಪಕ್ಕದವಕ್ಕೂ ಹರಡುತ್ತದೆ.

ಇನ್ನೊಂದು ಸಂಗತಿ ಉಷ್ಣತೆ. ಮೊಸಳೆಗೆ ಲಿಂಗ ನಿರ್ಧರಿಸುವ ವರ್ಣತಂತು ಇಲ್ಲ. ಅಮೆರಿಕದ ಪ್ರಾಣಿವಿಜ್ಞಾನಿ ಜೆಫ್ರಿ ಲ್ಯಾಂಗ್ ಜೊತೆಗೂಡಿ ಕ್ರೊಕೊಡೈಲ್ ಬ್ಯಾಂಕಿನಲ್ಲಿ ನಡೆದ ಅಧ್ಯಯನದಲ್ಲಿ 28ರಿಂದ 31 ಡಿಗ್ರಿಯಲ್ಲಿಟ್ಟ ಮಗ್ಗರ್ ಮೊಟ್ಟೆಗಳೆಲ್ಲ ಹೆಣ್ಣಾದವು, 32.5ರಲ್ಲಿ ಗಂಡು. ಇನ್‌ಕ್ಯುಬೇಟರನ್ನು 30ಕ್ಕೆ ಇಟ್ಟು ಮರೆತರೆ ಇಡೀ ತಂಡ ಹೆಣ್ಣು. ಮರಿಗಳಿಗೆ ಮುಳ್ಳುಸಮೇತ ಇಡೀ ಮೀನೇ ಆಗಬೇಕು. ಬರೀ ಮಾಂಸ ಕೊಟ್ಟರೆ ಸುಣ್ಣದಂಶ ಸಾಲದೆ ದವಡೆ ಮೆತ್ತಗಾಗುತ್ತದೆ. ಗಾತ್ರವಾರು ಬೇರ್ಪಡಿಸದಿದ್ದರೆ ದೊಡ್ಡವು ತಿಂದು ಸಣ್ಣವು ಉಪವಾಸ. (ಪರವಾನಗಿ ಇಲ್ಲದೆ ಮೊಸಳೆ ಮೊಟ್ಟೆ ಮುಟ್ಟುವುದು ಅಪರಾಧ; ನಿಮ್ಮೂರ ಕೆರೆಯಲ್ಲಿ ಗೂಡು ಕಂಡರೆ ಅರಣ್ಯ ಇಲಾಖೆಗೆ ಹೇಳಿ, ದೂರವಿರಿ.)

ಮಗ್ಗರ್ ಈ ಆರೈಕೆಗೆ ಅಗತ್ಯಕ್ಕಿಂತ ಚೆನ್ನಾಗಿಯೇ ಸ್ಪಂದಿಸಿತು. ಬ್ಯಾಂಕಿನ ಹೆಣ್ಣುಗಳು ವರ್ಷಕ್ಕೆ ಎರಡು ಸಲ ಮೊಟ್ಟೆ ಇಟ್ಟವು, ಸಂಖ್ಯೆ ಸಾವಿರ ದಾಟಿತು, ಬಿಡಲು ಜಾಗವೇ ಇಲ್ಲದಾಯಿತು. ಕೆರೆ, ಕಾಲುವೆ, ರಂಗನತಿಟ್ಟಿನ ಬಂಡೆ ಎಲ್ಲಿ ಬೇಕಾದರೂ ಬದುಕುವ ಪ್ರಾಣಿ ಅದು. ಬೇಟೆ ನಿಂತದ್ದೇ ಅದಕ್ಕೆ ಅರ್ಧ ಚಿಕಿತ್ಸೆ.

ಘರಿಯಾಲ್‌ಗೆ ಹರಿಯುವ ಆಳದ ನೀರು, ಎತ್ತರದ ಮರಳುದಿಬ್ಬ, ತುಂಬ ಮೀನು ಮೂರೂ ಬೇಕು. ಉತ್ತರ ಪ್ರದೇಶದ ಕುಕ್ರೈಲ್, ಮಧ್ಯಪ್ರದೇಶದ ದೇವರಿ ಸಾಕಣೆ ಕೇಂದ್ರಗಳಲ್ಲಿ ಎರಡು-ಮೂರು ವರ್ಷ ಸಾಕಿ, ಸುಮಾರು 1.2 ಮೀಟರ್ ಬೆಳೆದ ಸಾವಿರಾರು ಮರಿಗಳನ್ನು ನದಿಗೆ ಬಿಟ್ಟರು. ಆದರೂ ಮರಿ ಮಾಡುವ ವಯಸ್ಕಗಳು 1997ರಲ್ಲಿ 436 ಇದ್ದದ್ದು 2006ಕ್ಕೆ 182ಕ್ಕೆ ಇಳಿದವು. ಮರಳು ಲಾರಿ ಸೇರುತ್ತದೆ, ದಂಡೆಯಲ್ಲಿ ಕಲ್ಲಂಗಡಿ, ಸೌತೆ ಬೆಳೆಯುತ್ತಾರೆ, ಅಣೆಕಟ್ಟಿನಿಂದ ಏಕಾಏಕಿ ಬಿಟ್ಟ ನೀರು ಗೂಡು ಮುಳುಗಿಸುತ್ತದೆ. ನೂರಕ್ಕೂ ಹೆಚ್ಚು ಹಲ್ಲುಗಳ ಸಪೂರ ಮೂತಿ ನೈಲಾನ್ ಬಲೆಗೆ ಸಿಕ್ಕರೆ ಬಿಡಿಸಿಕೊಳ್ಳಲಾಗದು, ನೀರಡಿಯಲ್ಲೇ ಉಸಿರು ಕಟ್ಟುತ್ತದೆ. 2007–08ರ ಚಳಿಗಾಲದಲ್ಲಿ ಮಧ್ಯ ಭಾರತದ ನದಿ ಚಂಬಲ್‌ನಲ್ಲಿ ನೂರಕ್ಕೂ ಹೆಚ್ಚು ಸತ್ತವು. ಮರಣೋತ್ತರ ಪರೀಕ್ಷೆಯಲ್ಲಿ ಮೂತ್ರಪಿಂಡ ಕೆಟ್ಟು ಗೌಟ್ (ಯೂರಿಕ್ ಆಮ್ಲ ದೇಹದಲ್ಲಿ ಶೇಖರವಾಗುವ ರೋಗ) ಆಗಿದ್ದದ್ದು ಕಂಡಿತು.

ಆ ಹೊತ್ತಿಗೆ ವಿಟೇಕರ್ ಮತ್ತು ಜೊತೆಗಾರರು ಮರಿ ಎಣಿಸುವುದರಿಂದ ನದಿ ಓದುವುದಕ್ಕೆ ತಿರುಗಿದ್ದರು: ಬಾಲದ ಹುರುಪೆಗೆ ರೇಡಿಯೊ ಬಿಗಿದು, ಯಾವ ಮಡುವಿನಿಂದ ಯಾವ ದಿಬ್ಬಕ್ಕೆ ಹೋಗುತ್ತವೆ ಎಂದು ಹಿಂಬಾಲಿಸುವುದು. ಒಂದು ಘರಿಯಾಲ್ ಋತುವಿನಿಂದ ಋತುವಿಗೆ ಹತ್ತಾರು ಕಿಲೋಮೀಟರ್ ಓಡಾಡುತ್ತದೆ. ಹೊಳೆಯ ಎರಡು-ಮೂರು ಕಿಲೋಮೀಟರಿಗೆ ಮಾತ್ರ ಕಾವಲು ಹಾಕಿ ಅಲ್ಲಿ ಮರಿ ಬಿಟ್ಟರೆ ಪ್ರಯೋಜನ ಕಡಿಮೆ.