ಆ ರೈತನ ಮಾತು ಯಾರ ಕಡತದಲ್ಲಿತ್ತು?

ಪ್ರಿಯರೇ,

‘ಫ್ರಾನ್ಸಿನ ಸಾಮಾಜಿಕ ಇತಿಹಾಸ: ಓದಲೇಬೇಕಾದ ಹತ್ತು ಪುಸ್ತಕಗಳು’ ಎಂಬ ನಿಮ್ಮ ಲೇಖನ ತಲುಪಿದೆ. ಈಗಿರುವ ರೂಪದಲ್ಲಿ ಅದನ್ನು ಪ್ರಕಟಿಸಲಾರೆವು. ಎರಡು ಸಾಲಿನ ವಿಷಾದಪತ್ರ ಕಳುಹಿಸಿ ಸುಮ್ಮನಾಗಬಹುದಿತ್ತು. ಆದರೆ ಈ ವಿಷಯದ ಮೇಲೆ ಕನ್ನಡದಲ್ಲಿ ಬರೆಯುವವರು ಕಡಿಮೆ, ಜೊತೆಗೆ ನಿಮ್ಮ ಏಳನೆಯ ಪುಟದಲ್ಲಿ ಒಂದು ಪ್ಯಾರಾ ಇದೆ, ಅದು ಪುಸ್ತಕವನ್ನು ನಿಜವಾಗಿ ಓದಿದವರು ಬರೆದದ್ದು. ಅದರ ವಿಚಾರಕ್ಕೆ ಆಮೇಲೆ ಬರುತ್ತೇನೆ.

ಮೊದಲು ನಿಮ್ಮ ಪೀಠಿಕೆ. ರೊಟ್ಟಿ ಸಿಗದಿದ್ದರೆ ಕೇಕ್ ತಿನ್ನಲಿ ಎಂದ ಫ್ರಾನ್ಸಿನ ರಾಣಿ ಮೇರಿ ಆಂಟೊನೆಟ್‌ಳಿಂದ ನೀವು ಆರಂಭಿಸುತ್ತೀರಿ. ಆಕೆ ಹಾಗೆ ಹೇಳಿದ್ದಕ್ಕೆ ಯಾವ ಆಧಾರವೂ ಇಲ್ಲ. ರೂಸೋ ತನ್ನ ಆತ್ಮಕಥೆಯಲ್ಲಿ ಹೆಸರು ಹೇಳದ ಒಬ್ಬ ರಾಜಕುಮಾರಿಯ ಬಾಯಿಂದ ಆ ಮಾತು ಆಡಿಸಿದ್ದು 1760ರ ದಶಕದಲ್ಲಿ. ಆಗ ಆಂಟೊನೆಟ್ ವಿಯೆನ್ನಾದಲ್ಲಿ ಬೆಳೆಯುತ್ತಿದ್ದ ಚಿಕ್ಕ ಹುಡುಗಿ. ಆಕೆ ಫ್ರಾನ್ಸಿಗೆ ಬಂದದ್ದೇ 1770ರಲ್ಲಿ. ಇದನ್ನು ತಿದ್ದುವುದು ಸುಲಭ. ನನ್ನ ತಕರಾರು ಅದಕ್ಕಿಂತ ದೊಡ್ಡದು. ಕೂಲಿಯವರ, ಒಕ್ಕಲು ಮಕ್ಕಳ ಚರಿತ್ರೆ ಹೇಳಹೊರಟವರು ಅರಮನೆಯ ಊಟದ ಮೇಜಿನ ಬಳಿ ಏಕೆ ನಿಲ್ಲಬೇಕು? ರೊಟ್ಟಿಯೇ ಬೇಕೆಂದರೆ ಪ್ಯಾರಿಸ್ಸಿನ ಬೇಕರಿಯ ಮುಂದಿನ ಸಾಲಿಗೆ ಹೋಗಿ. ನಾಲ್ಕು ಪೌಂಡ್ ತೂಕದ ಬ್ರೆಡ್ಡಿಗೆ ಸಾಮಾನ್ಯ ದಿನಗಳಲ್ಲಿ 8 ಅಥವಾ 9 ಸೂ ಕೊಡಬೇಕಿತ್ತು. ಸೂ ಎಂದರೆ ಆಗಿನ ಚಿಲ್ಲರೆ ನಾಣ್ಯ. 1789ರ ಫೆಬ್ರುವರಿ ಹೊತ್ತಿಗೆ ಅದರ ಬೆಲೆ 14.5 ಸೂ. ಕೂಲಿಯವನ ದಿನದ ಗಳಿಕೆ 20ರಿಂದ 30 ಸೂ. ಹೆಂಡತಿ ಮಕ್ಕಳಿರುವ ಮನುಷ್ಯ ಉಳಿದ ಚಿಲ್ಲರೆಯಲ್ಲಿ ಬಾಡಿಗೆ, ಸೌದೆ, ಬಟ್ಟೆ ಎಲ್ಲವನ್ನೂ ನೋಡಿಕೊಳ್ಳಬೇಕು. ಫ್ರೆಂಚ್ ಕ್ರಾಂತಿಯ ಕಾಲದ ಜನಜಂಗುಳಿಯ ಬಗ್ಗೆ ಜಾರ್ಜ್ ರೂಡೆ 1959ರಲ್ಲಿ ಬರೆದ ಪುಸ್ತಕ ನಿಮ್ಮ ಪಟ್ಟಿಯಲ್ಲೇ ಇದೆ. ಈ ಲೆಕ್ಕವೂ ಅದರಲ್ಲೇ ಇದೆ. ನೀವು ಬಳಸಿಕೊಂಡದ್ದು ‘ಹೊಸ ದೃಷ್ಟಿಕೋನ ನೀಡಿದ ಮಹತ್ವದ ಕೃತಿ’ ಎಂಬ ಒಂದು ವಾಕ್ಯವನ್ನು.

ಅದೇ ವಾಕ್ಯವನ್ನು ಅಲ್ಪಸ್ವಲ್ಪ ಬದಲಿಸಿ ಉಳಿದ ಒಂಬತ್ತು ಪುಸ್ತಕಗಳಿಗೂ ಅಂಟಿಸಿದ್ದೀರಿ. ‘ಮೈಲಿಗಲ್ಲು’ ನಾಲ್ಕು ಸಲ ಬಂದಿದೆ, ‘ಅದ್ವಿತೀಯ’ ಎರಡು ಸಲ. ಬೆನ್ನುಡಿ ಓದಿ ಬರೆದ ಲೇಖನ ಎಂಬ ಗುಮಾನಿ ಓದುಗರಿಗೆ ಎರಡನೆಯ ಪುಟದಲ್ಲೇ ಹುಟ್ಟುತ್ತದೆ. ಹತ್ತರಲ್ಲಿ ಎಷ್ಟನ್ನು ಪೂರ್ತಿ ಓದಿದ್ದೀರಿ ಎಂದು ನಾನು ಕೇಳುವುದಿಲ್ಲ. ಓದಿದವುಗಳನ್ನು ಇಟ್ಟುಕೊಂಡು ಮಿಕ್ಕದ್ದನ್ನು ಕೈಬಿಡಿ. ನಾಲ್ಕೇ ಉಳಿದರೂ ಸಂತೋಷ.

ಈಗ ನಿಮ್ಮ ಏಳನೆಯ ಪುಟ. ಅಲ್ಲಿ ಲೂಯಿ ಫ್ರಾಂಸ್ವಾ ಪಿನಾಗೋ ಎಂಬ ಮರದ ಪಾದರಕ್ಷೆ ಮಾಡುವವನ ಬಗ್ಗೆ ಬರೆಯುತ್ತ, ‘ತನ್ನ ಹೆಸರು ಬರೆಯಲೂ ಬಾರದ ಈತನ ಮೇಲೆ ಇಡೀ ಪುಸ್ತಕ ಬರೆಯುವಷ್ಟು ಸಂಗತಿ ಸಿಕ್ಕಿದ್ದಾದರೂ ಎಲ್ಲಿ?’ ಎಂದು ಕೇಳಿದ್ದೀರಿ. ಕೇಳಬೇಕಾದ ಪ್ರಶ್ನೆ ಇದೇ. ಹತ್ತೂ ಪುಸ್ತಕಗಳಿಗೆ ಇದೊಂದೇ ಪ್ರಶ್ನೆ ಕೇಳಿದ್ದರೆ ನಿಮ್ಮ ಲೇಖನ ಆಗಲೇ ಅಚ್ಚಿಗೆ ಹೋಗುತ್ತಿತ್ತು. ಆದರೆ ನೀವು ಕೇಳಿ, ಉತ್ತರ ಹೇಳದೆ ಮುಂದಿನ ಪುಸ್ತಕಕ್ಕೆ ದಾಟಿಬಿಟ್ಟಿರಿ.

ಉತ್ತರ ಸ್ವಾರಸ್ಯವಾಗಿದೆ. ಚರಿತ್ರೆಯಲ್ಲಿ ಯಾವ ಗುರುತನ್ನೂ ಬಿಡದ ಒಬ್ಬ ಮನುಷ್ಯ ಆ ಪುಸ್ತಕ ಬರೆದ ಇತಿಹಾಸಕಾರ ಆಲಾಂ ಕೊರ್ಬಾಂ ಅವರಿಗೆ ಬೇಕಾಗಿತ್ತು. ಓರ್ನ್ ಜಿಲ್ಲೆಯ ಪತ್ರಾಗಾರಕ್ಕೆ ಹೋಗಿ, ಕಣ್ಣುಮುಚ್ಚಿ ಆರಿಸಿದಂತೆ ಒಂದು ಊರನ್ನು, ಅಲ್ಲಿಯ ಜನನ ಮರಣದ ದಫ್ತರದಿಂದ ಎರಡು ಹೆಸರುಗಳನ್ನು ಎತ್ತಿಕೊಂಡರು. ಒಬ್ಬ ಚಿಕ್ಕ ವಯಸ್ಸಿನಲ್ಲೇ ಸತ್ತಿದ್ದ, ಅವನನ್ನು ಬಿಟ್ಟರು. ಇನ್ನೊಬ್ಬ ಪಿನಾಗೋ, 1798ರಿಂದ 1876ರವರೆಗೆ ಬದುಕಿದವನು. ಅವನು ಆಡಿದ ಒಂದು ಮಾತೂ ಎಲ್ಲೂ ದಾಖಲಾಗಿಲ್ಲ. ಹಾಗಾಗಿ ಕೊರ್ಬಾಂ ಅವನ ಸುತ್ತಲಿನ ಲೋಕವನ್ನು ಕಟ್ಟುತ್ತ ಹೋದರು: ಬೆಲ್ಲೆಮ್ ಕಾಡಿನಿಂದ ಬರುವ ಮರ, ಆ ಊರಿನ ನೆಂಟಸ್ತಿಕೆ, ಸಾಲಸೋಲ, ಜಗಳ, ಅವನ ಕಿವಿಗೆ ಬಿದ್ದಿರಬಹುದಾದ ಸುದ್ದಿಗಳು. ‘ಬಿದ್ದಿರಬಹುದಾದ’ ಎಂಬುದನ್ನು ಅವರು ಎಲ್ಲೂ ಮುಚ್ಚಿಡುವುದಿಲ್ಲ. 1998ರಲ್ಲಿ ಬಂದ ಈ ಪುಸ್ತಕ ಕೆಲವರಿಗೆ ಬೇಸರ ಹುಟ್ಟಿಸಿದೆ, ಕಥಾನಾಯಕ ಒಮ್ಮೆಯೂ ಬಾಯಿ ಬಿಡುವುದಿಲ್ಲವಲ್ಲ. ನನಗೆ ಅದೇ ಇಷ್ಟ. ನಿಮ್ಮ ಲೇಖನ ಇಲ್ಲಿಂದ ಶುರುವಾಗಲಿ.

ಓದುಬರಹ ಬಾರದವರ ಬದುಕು ಕಾಗದದ ಮೇಲೆ ಬಂದಿದೆಯೆಂದರೆ ಯಾರೋ ಅವರನ್ನು ಹಿಡಿದು ತಂದು ನಿಲ್ಲಿಸಿದ್ದರು, ಇಲ್ಲವೇ ಎಣಿಸಿದ್ದರು, ಇಲ್ಲವೇ ಅವರಿಂದ ತೆರಿಗೆ ವಸೂಲಿ ಮಾಡಿದ್ದರು ಎಂದು ಅರ್ಥ. ನಿಮ್ಮ ಪಟ್ಟಿಯ ಹೆಚ್ಚಿನ ಪುಸ್ತಕಗಳು ಹುಟ್ಟಿದ್ದು ಹೀಗೆ. ಎಮಾನುಯೆಲ್ ಲ ರುವಾ ಲಾದುರಿ 1975ರಲ್ಲಿ ಬರೆದ ‘ಮೋಂತಾಯು’ವನ್ನೇ ತೆಗೆದುಕೊಳ್ಳಿ. ‘ಮಧ್ಯಯುಗದ ಹಳ್ಳಿಯ ಸಮಗ್ರ ಚಿತ್ರಣ’ ಎಂದಿದ್ದೀರಿ. ಪಿರನೀಸ್ ಬೆಟ್ಟಗಳ ಆ ಚಿಕ್ಕ ಹಳ್ಳಿಯ ಬಗ್ಗೆ ನಮಗೆ ಇಷ್ಟು ಗೊತ್ತಾಗಲು ಕಾರಣ ಒಬ್ಬ ಬಿಷಪ್. ಪಾಮಿಯೆಯ ಬಿಷಪ್ ಜಾಕ್ ಫೂರ್ನಿಯೆ 1318ರಿಂದ 1325ರವರೆಗೆ ಚರ್ಚು ಧರ್ಮದ್ರೋಹವೆಂದು ಸಾರಿದ್ದ ಕ್ಯಾಥರ್ ಪಂಥದ ಶಂಕಿತರನ್ನು ಕರೆಸಿ ಕೂರಿಸಿ ಪ್ರಶ್ನಿಸಿದ. ಉತ್ತರಗಳನ್ನೆಲ್ಲ ಬರೆಸಿದ. ಮುಂದೆ ಅವನೇ ಹನ್ನೆರಡನೆಯ ಬೆನೆಡಿಕ್ಟ್ ಎಂಬ ಹೆಸರಿನಲ್ಲಿ ಪೋಪ್ ಆದದ್ದರಿಂದ ಆ ದಫ್ತರ ವ್ಯಾಟಿಕನ್ ಗ್ರಂಥಾಲಯ ಸೇರಿ ಉಳಿದುಕೊಂಡಿತು. ಧರ್ಮದ್ರೋಹವನ್ನು ಹುಡುಕಹೊರಟವನ ಕಡತದಲ್ಲಿ ಏನೇನೆಲ್ಲ ಇದೆ ನೋಡಿ: ಬಿಸಿಲಿಗೆ ಕೂತು ಒಬ್ಬರ ತಲೆಯ ಹೇನು ಇನ್ನೊಬ್ಬರು ಹೆಕ್ಕುತ್ತ ಆಡಿದ ಹರಟೆ, ಊರ ಪಾದ್ರಿ ಪಿಯೆರ್ ಕ್ಲೆರ್ಗ್‌ನ ಪ್ರೇಮಪ್ರಕರಣಗಳು, ಕುರಿಮಂದೆಯ ಹಿಂದೆ ಬೆಟ್ಟ ದಾಟಿ ಕ್ಯಾಟಲೋನಿಯಾಕ್ಕೆ ನಡೆದುಹೋಗುವ ಪಿಯೆರ್ ಮೋರಿಯ ನೆಮ್ಮದಿ. ಇವುಗಳಲ್ಲಿ ಒಂದಾದರೂ ನಿಮ್ಮ ಲೇಖನದಲ್ಲಿ ಬೇಡವೇ?

ಜೊತೆಗೆ ಎಚ್ಚರಿಕೆಯ ಮಾತೂ ಬೇಕು. ಆ ಜನ ದಕ್ಷಿಣ ಫ್ರಾನ್ಸಿನ ಆಡುನುಡಿಯಾದ ಆಕ್ಸಿಟನ್ ಭಾಷೆಯಲ್ಲಿ ಹೇಳಿದ್ದನ್ನು ಗುಮಾಸ್ತರು ಲ್ಯಾಟಿನ್ನಿನಲ್ಲಿ ಬರೆದುಕೊಂಡರು. ಹೇಳಿದವರ ಎದುರಿಗೆ ಸೆರೆಮನೆಯ, ಬೆಂಕಿಯ ಭಯವಿತ್ತು. ಲಾದುರಿ ಇದನ್ನು ಮರೆತು ಅವರ ಹೇಳಿಕೆಗಳನ್ನು ಹಳ್ಳಿಕಟ್ಟೆಯ ಮಾತಿನಂತೆ ಬಳಸಿಕೊಂಡರೆಂಬ ಆಕ್ಷೇಪ ಹಳೆಯದು. ಆಕ್ಷೇಪದಲ್ಲಿ ಹುರುಳಿದೆ. ಆದರೂ ನಾನು ಈ ಪುಸ್ತಕವನ್ನೇ ಮೊದಲು ಕೈಗಿಡುತ್ತೇನೆ. ಇಂಗ್ಲಿಷಿನಲ್ಲಿ ಸಿಗುವುದು ಬಹಳಷ್ಟು ಕತ್ತರಿಸಿದ ಆವೃತ್ತಿ ಎಂಬುದನ್ನು ನೀವು ಓದುಗರಿಗೆ ತಿಳಿಸಲೇಬೇಕು. ನೀವು ಓದಿದ್ದು ಅದೇ ಇರಬೇಕು. ಅದರಲ್ಲಿ ನಾಚಿಕೆಯೇನಿಲ್ಲ, ಹೇಳಿಬಿಡಿ.

ಮಾರ್ಟಿನ್ ಗೇರ್‌ನ ಪ್ರಕರಣವನ್ನು ನೀವು ಚೆನ್ನಾಗಿಯೇ ಹೇಳಿದ್ದೀರಿ: 1548ರಲ್ಲಿ ಊರು ಬಿಟ್ಟ ಗಂಡ, ಎಂಟು ವರ್ಷಗಳ ಬಳಿಕ ಅವನೇ ನಾನೆಂದು ಬಂದ ಆರ್ನೋ ದು ತಿಲ್, 1560ರ ತೂಲೂಸ್ ವಿಚಾರಣೆ ಮುಗಿಯುವ ಹೊತ್ತಿಗೆ ಮರದ ಕಾಲೂರಿ ಬಂದು ನಿಂತ ನಿಜವಾದ ಮಾರ್ಟಿನ್, ಕೊನೆಗೆ ಗಲ್ಲು. ಸಿನಿಮಾದ ಕಥೆ ಹೇಳಿದಂತೆ ಹೇಳಿ ಅಲ್ಲಿಗೇ ನಿಲ್ಲಿಸಿದಿರಿ. ಹೆಂಡತಿ ಬೆರ್ತ್ರಾಂದ್‌ಗೆ ಗೊತ್ತಿತ್ತೇ? ಗೊತ್ತಿದ್ದೂ ಆ ಹೊಸಬನೊಂದಿಗೆ ಬಾಳುವುದನ್ನು ಆರಿಸಿಕೊಂಡಳು ಎಂಬುದು ಈ ಪ್ರಕರಣದ ಮೇಲೆ ಪುಸ್ತಕ ಬರೆದ ನಟಾಲಿ ಜೆಮನ್ ಡೇವಿಸ್ ಅವರ ವಾದ. ನಮ್ಮ ಮುಖ್ಯ ಆಧಾರ ತೀರ್ಪು ಕೊಟ್ಟವರಲ್ಲೊಬ್ಬನಾದ ಜಾನ್ ದ ಕೊರಾಸ್ ಬರೆದ ವೃತ್ತಾಂತ. ಅದರ ಪ್ರಕಾರ ಆಕೆ ಮೋಸಹೋದವಳು. 1988ರಲ್ಲಿ ರಾಬರ್ಟ್ ಫಿನ್ಲೆ ಎಂಬ ಇತಿಹಾಸಕಾರರು, ಡೇವಿಸ್ ಇಲ್ಲದ್ದನ್ನು ಊಹಿಸಿದ್ದಾರೆ ಎಂದು ಒಂದು ಅಮೆರಿಕನ್ ವಿದ್ವತ್ಪತ್ರಿಕೆಯಲ್ಲಿ ಖಾರವಾಗಿ ಬರೆದರು. ಡೇವಿಸ್ ಅದೇ ಸಂಚಿಕೆಯಲ್ಲಿ ಉತ್ತರ ಕೊಟ್ಟರು. ಈ ಜಗಳವನ್ನು ಒಂದು ಪುಟದಲ್ಲಿ ಹೇಳಿ, ನಿಮಗೆ ಯಾರ ಮಾತು ಸರಿಯೆನಿಸಿತು ಎಂದೂ ಬರೆಯಿರಿ. ಎರಡೂ ಕಡೆಯವರಿಗೆ ಕೈಮುಗಿದು ಹಿಂದೆ ಸರಿಯುವ ಅಭ್ಯಾಸ ನಿಮ್ಮ ಬರಹದುದ್ದಕ್ಕೂ ಇದೆ, ಅದನ್ನು ಬಿಡಬೇಕು.

‘ಅನಾಲ್’ ಪತ್ರಿಕೆಯ ಸುತ್ತ ಬೆಳೆದ ಇತಿಹಾಸಕಾರರ ಪಂಥದ ಮೇಲಿನ ಎರಡೂವರೆ ಪುಟ ನಾಲ್ಕು ಸಾಲಿಗೆ ಇಳಿಯಲಿ. 1929ರಲ್ಲಿ ಸ್ಟ್ರಾಸ್‌ಬರ್ಗಿನಲ್ಲಿ ಮಾರ್ಕ್ ಬ್ಲಾಕ್ ಮತ್ತು ಲೂಸಿಯಾಂ ಫೆವ್ರ್ ಆ ಪತ್ರಿಕೆ ಆರಂಭಿಸಿದರು ಎಂದರೆ ಸಾಕು. ಬ್ಲಾಕ್ ‘ಇತಿಹಾಸ ಲೇಖನದ ದಿಕ್ಕನ್ನೇ ಬದಲಿಸಿದರು’ ಎಂದರೆ ಓದುಗರಿಗೆ ಏನೂ ಕಾಣುವುದಿಲ್ಲ. 1931ರ ಅವರ ಪುಸ್ತಕದಲ್ಲಿ ನೇಗಿಲಿನ ವಿಚಾರ ಇದೆಯಲ್ಲ, ಅದನ್ನು ಹೇಳಿ. ಉತ್ತರ ಫ್ರಾನ್ಸಿನ ಗಾಲಿ ಇರುವ ಭಾರದ ನೇಗಿಲನ್ನು ಹೊಲದ ತುದಿಯಲ್ಲಿ ತಿರುಗಿಸುವುದೇ ಕಷ್ಟ, ಅದಕ್ಕೆ ಉದ್ದನೆಯ ಪಟ್ಟಿಯಂಥ ಹೊಲ ಒಗ್ಗುತ್ತದೆ. ದಕ್ಷಿಣದ ಹಗುರ ನೇಗಿಲಿಗೆ ಚೌಕವಾದ ಹೊಲವೂ ಆದೀತು. ಹೊಲದ ಆಕಾರದಿಂದ ಊರಿನ ಕಟ್ಟುಪಾಡಿನವರೆಗೆ ಬ್ಲಾಕ್ ನಡೆಯುವ ದಾರಿ ನಮ್ಮ ಹಳ್ಳಿಯ ಓದುಗರಿಗೆ ನಿಮಗಿಂತಲೂ ನನಗಿಂತಲೂ ಬೇಗ ಅರ್ಥವಾಗುತ್ತದೆ. 1944ರಲ್ಲಿ ಜರ್ಮನ್ನರು ಅವರನ್ನು ಗುಂಡಿಟ್ಟು ಕೊಂದದ್ದನ್ನು ಒಂದೇ ವಾಕ್ಯದಲ್ಲಿ ಹೇಳಿ, ನೀವು ಹಚ್ಚಿರುವ ಕಣ್ಣೀರು ಬೇಡ.

ಜಾರ್ಜ್ ಲೆಫೆವ್ರ್ ಅವರ ‘ಮಹಾಭೀತಿ’ಯನ್ನು ಕೈಬಿಟ್ಟದ್ದೇಕೆ? 1932ರ ಪುಸ್ತಕ, ಇಂದಿಗೂ ಹಳತಾಗಿಲ್ಲ. 1789ರ ಜುಲೈ ಕೊನೆಯಲ್ಲಿ, ಶ್ರೀಮಂತ ಪ್ರಭುಗಳು ಕಳುಹಿಸಿದ ದರೋಡೆಕೋರರು ಬೆಳೆದು ನಿಂತ ಪೈರು ಸುಡಲು ಬರುತ್ತಿದ್ದಾರೆಂಬ ಸುದ್ದಿ ಹಳ್ಳಿಯಿಂದ ಹಳ್ಳಿಗೆ ಹಬ್ಬಿತು. ಶಾಂಪೇನ್ ಸೀಮೆಯಲ್ಲಿ ಜನ ಆಯುಧ ಹಿಡಿದು ಬೆನ್ನಟ್ಟಿದ್ದು ದನಗಳ ಹಿಂಡನ್ನು. ಆ ವದಂತಿ ಯಾವ ದಾರಿಯಲ್ಲಿ, ಯಾವ ದಿನ, ಯಾರ ಬಾಯಿಂದ ಎಲ್ಲಿಗೆ ಹೋಯಿತೆಂದು ಲೆಫೆವ್ರ್ ಬೆನ್ನು ಹತ್ತಿ ನಕ್ಷೆ ಹಾಕಿದರು. ಮೊಬೈಲ್ ವದಂತಿಗೆ ಅಮಾಯಕರು ಬಲಿಯಾಗುವುದನ್ನು ಕಂಡಿರುವ ನಮ್ಮ ಓದುಗರು ಇದನ್ನು ದೂರದ ಕಥೆಯೆಂದು ಓದಲಾರರು. ಆದರೆ ಆ ಹೋಲಿಕೆಯನ್ನು ನೀವು ಎತ್ತಿ ಹೇಳಬೇಡಿ, ಅವರೇ ಮಾಡಿಕೊಳ್ಳುತ್ತಾರೆ.

ಫ್ರಾನ್ಸಿನ ರೈತರ ಬಗ್ಗೆ ಯೂಜೆನ್ ವೆಬರ್ ಬರೆದ ಪುಸ್ತಕ ಪಟ್ಟಿಯಲ್ಲಿ ಇರಲಿ. 1863ರ ಸರಕಾರಿ ಸಮೀಕ್ಷೆಯಂತೆ 37,510 ಕಮ್ಯೂನುಗಳ (ಊರಾಡಳಿತದ ಘಟಕಗಳ) ಪೈಕಿ 8,381ರಲ್ಲಿ ಫ್ರೆಂಚ್ ಆಡುಭಾಷೆಯೇ ಆಗಿರಲಿಲ್ಲ ಎಂದು ಅವರು ತೋರಿಸುತ್ತಾರೆ. ಶಾಲೆ, ರಸ್ತೆ, ರೈಲು, ಸೈನ್ಯದ ಕಡ್ಡಾಯ ಸೇವೆ ಇವು ರೈತರನ್ನು ಫ್ರೆಂಚರನ್ನಾಗಿ ಮಾಡಿದವು ಎನ್ನುತ್ತಾರೆ. ತನ್ನ ಸೀಮೆಯ ಬ್ರೆಟನ್ ನುಡಿ ಮಾತಾಡಿದ ಮಗುವಿನ ಕೊರಳಿಗೆ ಶಾಲೆಯಲ್ಲಿ ಅವಮಾನದ ಗುರುತು ತೂಗುಹಾಕುತ್ತಿದ್ದ ವಿವರವನ್ನು ಕನ್ನಡ ಓದುಗರಿಗೆ ವಿವರಿಸುವ ಅಗತ್ಯವಿಲ್ಲ. ಪ್ಯಾರಿಸ್ಸಿನ ಅಚ್ಚುಮನೆಯ ಹುಡುಗರು ಬೆಕ್ಕುಗಳನ್ನು ಕೊಂದದ್ದರ ಬಗ್ಗೆ ಇತಿಹಾಸಕಾರ ಡಾರ್ನ್‌ಟನ್ ಬರೆದ ಕಥೆಯನ್ನು ಎಲ್ಲರೂ ಹೇಳಿಯಾಗಿದೆ, ಬಿಡಿ. ಅದರ ಜಾಗದಲ್ಲಿ ಆರ್ಲೆಟ್ ಫಾರ್ಜ್ 1989ರಲ್ಲಿ ಪತ್ರಾಗಾರದ ಕೆಲಸದ ಬಗ್ಗೆ ಬರೆದ ಪುಟ್ಟ ಪುಸ್ತಕ ಬರಲಿ. ಹದಿನೆಂಟನೆಯ ಶತಮಾನದ ಪೊಲೀಸ್ ಕಾಗದಗಳನ್ನು ಕೈಯಲ್ಲಿ ನಕಲು ಮಾಡುತ್ತ ಕೂತವರ ಚಳಿ, ಬೇಸರ, ದುರಾಸೆ ಎಲ್ಲ ಅದರಲ್ಲಿದೆ. ಉಳಿದ ಪುಸ್ತಕಗಳು ಹೇಗೆ ತಯಾರಾದವು ಎಂಬುದು ಅದನ್ನು ಓದಿದರೆ ತಿಳಿಯುತ್ತದೆ.

ಕರ್ನಾಟಕದ ನಂಟು ಎಂದು ಕೊನೆಯಲ್ಲಿ ಬಸವಣ್ಣನವರನ್ನೂ ರೂಸೋವನ್ನೂ ಪಕ್ಕಪಕ್ಕ ಕೂರಿಸಿದ್ದೀರಿ. ತೆಗೆಯಿರಿ. ನಿಜವಾದ ನಂಟೇ ಬೇಕಿದ್ದರೆ ಟಿಪ್ಪು ಸುಲ್ತಾನನ ರಾಯಭಾರಿಗಳಿದ್ದಾರೆ. ಅವರು 1788ರ ಜೂನ್‌ನಲ್ಲಿ ತೂಲೋನ್ ಬಂದರಿಗೆ ಇಳಿದು, ಆಗಸ್ಟ್ 10ರಂದು ವರ್ಸೇಲ್ಸಿನಲ್ಲಿ ಹದಿನಾರನೆಯ ಲೂಯಿಯನ್ನು ಕಂಡರು. ಜುಲೈ 13ರ ಆಲಿಕಲ್ಲಿನ ಮಳೆ ಪ್ಯಾರಿಸ್ ಸುತ್ತಲಿನ ಬೆಳೆಯನ್ನು ನೆಲಸಮ ಮಾಡಿತ್ತು. ಭೇಟಿಗೆ ಎರಡು ದಿನ ಮುಂಚೆ ದೊರೆ ಪಾದ್ರಿಗಳು, ಶ್ರೀಮಂತರು, ಸಾಮಾನ್ಯರು ಮೂರೂ ವರ್ಗಗಳ ಪ್ರತಿನಿಧಿಗಳ ಮಹಾಸಭೆ ಕರೆಯಲು ಒಪ್ಪಿದ್ದ. ಆರು ದಿನಗಳ ನಂತರ ಬೊಕ್ಕಸ ಪಾವತಿ ನಿಲ್ಲಿಸಿತು. ಮೈಸೂರಿನವರು ಸೈನ್ಯದ ನೆರವು ಕೇಳಲು ಹೋಗಿದ್ದು ದಿವಾಳಿಯಾಗುತ್ತಿದ್ದ ಮನೆಗೆ. ಇದು ಅಡ್ಡಕಥೆ, ಒಂದು ಪ್ಯಾರಾ ಮೀರದಿರಲಿ.

ಒಂದೇ ವ್ಯಕ್ತಿಯ ಹೆಸರು ಮೂರು ಬಗೆಯ ಕಾಗುಣಿತದಲ್ಲಿದೆ. ಯಾವುದಾದರೂ ಒಂದಕ್ಕೆ ನಿಲ್ಲಿ. ಎರಡು ಸಾವಿರ ಪದ ದಾಟಬೇಡಿ. ಯಾವ ಸಂಗತಿ ಯಾವ ಪುಸ್ತಕದ ಎಷ್ಟನೆಯ ಪುಟದಲ್ಲಿದೆಯೆಂದು ಹಸ್ತಪ್ರತಿಯ ಅಂಚಿನಲ್ಲಿ ಪೆನ್ಸಿಲಿನಿಂದ ಗುರುತು ಹಾಕಿ ಕಳುಹಿಸಿ. ಅದನ್ನು ಅಚ್ಚು ಮಾಡುವುದಿಲ್ಲ, ಆದರೆ ನಾನು ತೆಗೆದು ನೋಡುತ್ತೇನೆ.

ಇಂತಿ,
ಸಂಪಾದಕ