ಜನ ಬರುತ್ತಾರೆ, ಕೊಳ್ಳುವುದಿಲ್ಲ: ಹೀಟ್‌ಮ್ಯಾಪ್‌ನಿಂದ ಕಾರಣ ತಿಳಿಯುತ್ತದೆಯೇ?

ನಿಮ್ಮ ಆನ್‌ಲೈನ್ ಅಂಗಡಿಗೆ ದಿನವೂ ಸಾಕಷ್ಟು ಜನ ಬರುತ್ತಿದ್ದರೂ ಆರ್ಡರ್ ಬರುತ್ತಿಲ್ಲ, ಹೀಟ್‌ಮ್ಯಾಪ್ (ಜನ ಪುಟದಲ್ಲಿ ಎಲ್ಲೆಲ್ಲಿ ಒತ್ತಿದರೆಂದು ಬಣ್ಣಗಳಲ್ಲಿ ತೋರಿಸುವ ನಕ್ಷೆ) ಅಳವಡಿಸಿದರೆ ಕಾರಣ ಗೊತ್ತಾಗುತ್ತದೆಯೇ ಎಂದು ಕೇಳಿದ್ದೀರಿ. ಜಾಲತಾಣಗಳನ್ನು ಕಟ್ಟಿಕೊಡುವ ಕೆಲಸದಲ್ಲಿರುವ ನನ್ನ ಅನುಭವದ ಪ್ರಕಾರ, ಜನ ಪುಟದಲ್ಲಿ ಎಲ್ಲಿ ತಡವರಿಸುತ್ತಿದ್ದಾರೆ ಎಂಬುದನ್ನು ಹೀಟ್‌ಮ್ಯಾಪ್ ಖಂಡಿತವಾಗಿ ತೋರಿಸುತ್ತದೆ. ಏಕೆ ಎಂಬುದನ್ನು ನೀವೇ ವಿಚಾರಿಸಿ ತಿಳಿಯಬೇಕಾಗುತ್ತದೆ.

ಇದರ ಕೆಲಸ ಸರಳವಾದದ್ದು. ಪುಟದಲ್ಲಿ ಸೇರಿಸಿದ ಒಂದು ಸಣ್ಣ ಸ್ಕ್ರಿಪ್ಟ್, ಬಂದವರು ಒತ್ತಿದ ಜಾಗಗಳನ್ನೂ ಅವರು ಎಷ್ಟು ಕೆಳಗಿನವರೆಗೆ ಸರಿದರು ಎಂಬುದನ್ನೂ ದಾಖಲಿಸಿಕೊಳ್ಳುತ್ತದೆ. ಹಾಗೆ ಕೂಡಿಬಂದ ಲೆಕ್ಕವನ್ನು ಪುಟದ ಚಿತ್ರದ ಮೇಲೆ ಬಣ್ಣವಾಗಿ ಹರಡಲಾಗುತ್ತದೆ. ಹೆಚ್ಚು ಒತ್ತಿದಲ್ಲಿ ಕೆಂಪು, ಕಡಿಮೆ ಒತ್ತಿದಲ್ಲಿ ನೀಲಿ. ಕಂಪ್ಯೂಟರಿನಲ್ಲಿ ಮೌಸ್ ಓಡಾಡಿದ ದಾರಿಯನ್ನು ತೋರಿಸುವ ನಕ್ಷೆಯೂ ಇದೆ, ಆದರೆ ಮೌಸ್ ಇದ್ದಲ್ಲೇ ಕಣ್ಣೂ ಇರುತ್ತದೆಂದು ನಂಬುವಂತಿಲ್ಲ. ಓದುಗರ ನೋಟ ಇಂಗ್ಲಿಷಿನ ಎಫ್ ಅಕ್ಷರದ ಆಕಾರದಲ್ಲಿ ಸಾಗುತ್ತದೆಂಬ ಮಾತನ್ನು ನೀವು ಕೇಳಿರಬಹುದು. ಜನ ಜಾಲತಾಣಗಳನ್ನು ಹೇಗೆ ಬಳಸುತ್ತಾರೆಂದು ಅಧ್ಯಯನ ಮಾಡುವ ನೀಲ್ಸನ್ ನಾರ್ಮನ್ ಗ್ರೂಪ್ ಎಂಬ ಸಂಸ್ಥೆ 2006ರಲ್ಲಿ ಪ್ರಕಟಿಸಿದ ಆ ಅಧ್ಯಯನದಲ್ಲಿ 232 ಜನರ ಕಣ್ಣಿನ ಚಲನೆಯನ್ನೇ ಉಪಕರಣದಿಂದ ಅಳೆಯಲಾಗಿತ್ತು, ಮೌಸ್‌ನ ಚಲನೆಯನ್ನಲ್ಲ.

ಕೆಂಪು ಕಂಡಲ್ಲೆಲ್ಲ ಜನರಿಗೆ ಇಷ್ಟವಾಗಿದೆ ಎಂದು ಭಾವಿಸುವುದು ಎಲ್ಲರೂ ಮಾಡುವ ತಪ್ಪು, ನಾನೂ ಮಾಡಿದ್ದೆ. ಇಳಕಲ್ ಸೀರೆ ಮಾರುವ ಒಂದು ಸಣ್ಣ ಅಂಗಡಿಗೆ ನಾನು ಜಾಲತಾಣ ಮಾಡಿಕೊಟ್ಟಿದ್ದೆ. ಅಲ್ಲಿ 'ಕಾರ್ಟ್‌ಗೆ ಸೇರಿಸಿ' ಎಂಬ ಬಟನ್ ತೆಳು ನೀಲಿಯಾಗಿ ಉಳಿದಿತ್ತು. ಸೀರೆಯ ಫೋಟೋದಲ್ಲಿ ಒಡಲು ಮತ್ತು ಸೆರಗು ಕೂಡುವ ಜಾಗ ಮಾತ್ರ ಕೆಂಡದಂತೆ ಕೆಂಪಗಿತ್ತು. ಸೆರಗಿನ ಚೆಂದಕ್ಕೆ ಮನಸೋತಿದ್ದಾರೆಂದು ನಾನು ಸಂತೋಷಪಟ್ಟೆ. ಆಮೇಲೆ, ಬಂದವರು ಪುಟದಲ್ಲಿ ಏನೇನು ಮಾಡಿದರೆಂದು ವಿಡಿಯೋದಂತೆ ತೋರಿಸುವ ರೆಕಾರ್ಡಿಂಗ್‌ಗಳನ್ನು ತೆರೆದು ನೋಡಿದರೆ, ಒಬ್ಬರು ಅದೇ ಜಾಗವನ್ನು ನಾಲ್ಕೈದು ಸಲ ಒತ್ತಿ, ಫೋಟೋ ದೊಡ್ಡದಾಗದಿದ್ದಾಗ ಪುಟವನ್ನೇ ಮುಚ್ಚಿ ಹೋಗಿದ್ದರು. ಅಂಗಡಿಯ ಯಜಮಾನರಿಗೆ ಅದನ್ನು ತೋರಿಸಿದಾಗ ಅವರು ಕ್ಷಣವೂ ಯೋಚಿಸದೆ "ಅವ್ರು ಕೊಂಡಿ ನೋಡಾಕತ್ತಾರ್ರೀ" ಎಂದರು. ಇಳಕಲ್ ಸೀರೆಯಲ್ಲಿ ಒಡಲಿನ ಹಾಸು ಎಳೆಗಳನ್ನೂ ಸೆರಗಿನ ಹಾಸು ಎಳೆಗಳನ್ನೂ ಕುಣಿಕೆ ಹಾಕಿ ಒಂದಕ್ಕೊಂದು ಜೋಡಿಸುತ್ತಾರೆ. ಅದೇ ಕೊಂಡಿ, ಸೀರೆಯನ್ನು ಬಲ್ಲವರು ಪರೀಕ್ಷಿಸುವುದು ಅದನ್ನೇ. ಫೋಟೋ ಒತ್ತಿದರೆ ದೊಡ್ಡದಾಗುವಂತೆ ಮಾಡಿ, ಕೊಂಡಿಯನ್ನು ಹತ್ತಿರದಿಂದ ತೆಗೆದ ಇನ್ನೊಂದು ಫೋಟೋ ಸೇರಿಸಿದೆವು. ಆಮೇಲೆ ಆರ್ಡರ್ ಹೆಚ್ಚಿದವು, ಆದರೆ ಆ ಹೊತ್ತಿಗೆ ದಸರೆಯೂ ಬಂದಿದ್ದರಿಂದ ಎಲ್ಲವೂ ಆ ಬದಲಾವಣೆಯ ಫಲವೆಂದು ನಾನು ಹೇಳಲಾರೆ. ಏನೂ ಆಗದ ಜಾಗವನ್ನು ಒತ್ತುವುದಕ್ಕೆ ಡೆಡ್ ಕ್ಲಿಕ್ ಎಂದೂ, ಒಂದೇ ಕಡೆ ಪಟಪಟನೆ ಒತ್ತುವುದಕ್ಕೆ ರೇಜ್ ಕ್ಲಿಕ್ ಎಂದೂ ಹೆಸರಿದೆ. ನಿಮ್ಮ ಪುಟದಲ್ಲಿ ಮೊದಲು ಹುಡುಕಬೇಕಾದದ್ದು ಇವೆರಡನ್ನೇ.

ಮೊಬೈಲ್ ಮತ್ತು ಕಂಪ್ಯೂಟರಿನ ನಕ್ಷೆಗಳನ್ನು ಬೇರೆ ಬೇರೆಯಾಗಿಯೇ ನೋಡಿ. ಜನ ಎಷ್ಟು ಕೆಳಗಿನವರೆಗೆ ಸರಿದರೆಂದು ತೋರಿಸುವ ಸ್ಕ್ರೋಲ್ ನಕ್ಷೆಯಲ್ಲಿ ಬಣ್ಣ ಒಮ್ಮೆಲೇ ನೀಲಿಗೆ ತಿರುಗಿದರೆ, ಅಲ್ಲಿ ದೊಡ್ಡ ಬ್ಯಾನರೋ ಖಾಲಿ ಜಾಗವೋ ಇದ್ದು, ಪುಟ ಅಲ್ಲಿಗೇ ಮುಗಿಯಿತೆಂದು ಜನ ತಿಳಿದಿರುವ ಸಾಧ್ಯತೆ ಇದೆ. ನಿಮ್ಮ ಪುಟ ಕನ್ನಡದಲ್ಲಿದ್ದರೆ ಇನ್ನೊಂದು ವಿಷಯವನ್ನು ಗಮನಿಸಿ: ಇಂಗ್ಲಿಷ್ ಪಠ್ಯಕ್ಕೆ ಅಳತೆ ಮಾಡಿದ ವಿನ್ಯಾಸದಲ್ಲಿ ನಮ್ಮ ಉದ್ದನೆಯ ಪದಗಳನ್ನೂ ಒತ್ತಕ್ಷರಗಳನ್ನೂ ತುಂಬಿದಾಗ ಸಾಲುಗಳು ಹೆಚ್ಚಾಗಿ, ಬೆಲೆ ಮತ್ತು ಬಟನ್ ಸಣ್ಣ ಮೊಬೈಲಿನ ಮೊದಲ ಪರದೆಯಿಂದ ಕೆಳಗೆ ಜಾರಿಬಿಡುತ್ತವೆ. ಹತ್ತಿಪ್ಪತ್ತು ಜನರ ಭೇಟಿಯಿಂದ ಮೂಡಿದ ನಕ್ಷೆಯನ್ನು ನಂಬಿ ಪುಟವನ್ನು ಬದಲಿಸಬೇಡಿ.

ಉಪಕರಣಕ್ಕಾಗಿ ಹಣ ಖರ್ಚು ಮಾಡಬೇಕಿಲ್ಲ. ಮೈಕ್ರೋಸಾಫ್ಟ್ 2020ರಲ್ಲಿ ಎಲ್ಲರಿಗೂ ತೆರೆದ ಕ್ಲಾರಿಟಿ ಉಚಿತವಾಗಿದ್ದು, ಹೀಟ್‌ಮ್ಯಾಪ್ ಜೊತೆಗೆ ರೆಕಾರ್ಡಿಂಗ್‌ಗಳನ್ನೂ ಕೊಡುತ್ತದೆ. ಅದನ್ನು ಹಾಕುವ ದಿನವೇ ಗ್ರಾಹಕರ ಹೆಸರು, ವಿಳಾಸ, ಫೋನ್ ಸಂಖ್ಯೆ ಕಾಣಿಸುವ ಭಾಗಗಳೆಲ್ಲ ಮರೆಯಾಗುವಂತೆ ಮಾಸ್ಕಿಂಗ್ ಸೆಟ್ ಮಾಡಿ, ಇಂಥ ದಾಖಲೆ ನಡೆಯುತ್ತಿದೆ ಎಂಬುದನ್ನು ನಿಮ್ಮ ಗೌಪ್ಯತಾ ನೀತಿಯಲ್ಲಿ ಸ್ಪಷ್ಟವಾಗಿ ಬರೆಯಿರಿ. ನಮ್ಮ ದೇಶದಲ್ಲಿ ಡಿಜಿಟಲ್ ವೈಯಕ್ತಿಕ ದತ್ತಾಂಶ ರಕ್ಷಣೆಗೆಂದೇ 2023ರ ಕಾಯ್ದೆ ಇದೆ. ಅದು ಹಾಗಿರಲಿ, ನಮ್ಮನ್ನು ನಂಬಿ ಮನೆಯ ವಿಳಾಸ ಬರೆಯುವವರಿಗೆ ನಾವು ಇಷ್ಟನ್ನಾದರೂ ಮಾಡಲೇಬೇಕು. ಮುಖಪುಟವನ್ನು ಸದ್ಯಕ್ಕೆ ಬಿಡಿ. ಅತಿ ಹೆಚ್ಚು ಜನ ನೋಡಿಯೂ ಕೊಳ್ಳದೆ ಹೋಗುತ್ತಿರುವ ಒಂದೇ ಒಂದು ಸರಕಿನ ಪುಟವನ್ನು ಆರಿಸಿಕೊಂಡು, ಅದರ ಮೊಬೈಲ್ ನಕ್ಷೆಯಿಂದ ಆರಂಭಿಸಿ.